ಒಳಗಿನ ಚಿಲಕ

ಬೀಗದ ಸದ್ದು ಕೇಳಿದಾಗ ಅವನು ಬಚ್ಚಲಮನೆಯಲ್ಲಿ ತಲೆ ಒರೆಸಿಕೊಳ್ಳುತ್ತಿದ್ದ. ಮೊದಲು ಬಾಗಿಲು ಎಳೆದುಕೊಂಡದ್ದು, ಆಮೇಲೆ ಕೊಂಡಿಗೆ ಬೀಗ ಸಿಕ್ಕಿಸಿದ್ದು, ಸರಿಯಾಗಿ ಕೂತಿತೋ ಇಲ್ಲವೋ ಎಂದು ಎರಡು ಸಲ ಜಗ್ಗಿ ನೋಡಿದ್ದು; ಕೊನೆಗೆ ಹೆಂಡತಿಯ ಚಪ್ಪಲಿ ಮೆಟ್ಟಿಲಿಳಿದು ದಡಬಡ ರಸ್ತೆಗೆ ಬಿದ್ದದ್ದು. ಅವನ ಕೈ ತಲೆಯ ಮೇಲೆಯೇ ನಿಂತಿತು. ಬೇರೆ ಯಾರಾದರೂ ಆಗಿದ್ದರೆ, ಏ, ನಾನಿನ್ನೂ ಒಳಗಿದ್ದೀನಿ ಕಣೇ ಎಂದು ಒದರಿ, ಒದ್ದೆ ಮೈಯಲ್ಲೇ ಓಡಿಬಂದು ಬಾಗಿಲು ಬಡಿಯುತ್ತಿದ್ದರು. ಅವನು ಬಡಿಯಲಿಲ್ಲ. ಟವೆಲನ್ನು ಮೂಲೆಗೆ ಮೂಲೆ ಕೂಡಿಸಿ ನಾಲ್ಕು ಮಡಿಕೆ ಮಾಡಿ ಗೂಟಕ್ಕೆ ಹಾಕಿದ. ಅಂಗಿ ತೊಟ್ಟ. ಹಜಾರಕ್ಕೆ ಬಂದು ಮುಂಬಾಗಿಲಿನಿಂದ ಎರಡು ಹೆಜ್ಜೆ ಹಿಂದೆ, ಕೈಗಳನ್ನು ಪಕ್ಕಕ್ಕೆ ಇಳಿಬಿಟ್ಟು ನಿಂತುಕೊಂಡ. ಇನ್ನು ತಾನು ಮಾಡುವಂಥದ್ದೇನೂ ಇಲ್ಲ ಎಂಬುದು ಮೊದಲು ಮೈಗೆ ತಿಳಿಯಿತು, ಮನಸ್ಸಿಗೆ ಆಮೇಲೆ. ನಾಚಿಕೆಗೇಡಿನ ಸಂಗತಿಯೆಂದರೆ, ಇಪ್ಪತ್ತಮೂರು ದಿನಗಳಿಂದ ಕುತ್ತಿಗೆಯ ಹಿಂದೆ ಗಂಟು ಕಟ್ಟಿಕೊಂಡಿದ್ದ ಏನೋ ಒಂದು, ಬೀಗವನ್ನು ಜಗ್ಗಿದ ಆ ಸದ್ದಿಗೆ ಸಡಿಲವಾಯಿತು.

ತಪ್ಪು ಅವಳದಲ್ಲ, ಅಥವಾ ಅವಳದೇ ಎನ್ನುವುದಾದರೂ ಅದನ್ನು ಕಲಿಸಿದವನು ತಾನು. ಹದಿನಾರು ವರ್ಷ ನಾಲ್ಕು ತಿಂಗಳು ಅವಳು ಈ ಮನೆಯಲ್ಲಿ ಒಬ್ಬಳೇ ಇದ್ದಳು. ಬೆಳಗ್ಗೆ ಏಳೂವರೆಗೆ ಆಸ್ಪತ್ರೆಯ ಬಟ್ಟೆ ವಿಭಾಗಕ್ಕೆ, ಅಂದರೆ ರೋಗಿಗಳ ಚಾದರ, ದಿಂಬಿನ ಚೀಲಗಳನ್ನು ಎಣಿಸಿ ಮಡಚಿಡುವ ಕೆಲಸಕ್ಕೆ ಹೋಗುವಾಗ, ಬಾಗಿಲ ಪಕ್ಕದ ಮೊಳೆಯಿಂದ ಬೀಗ ತೆಗೆದು, ಹಾಕಿ, ಎರಡು ಸಲ ಜಗ್ಗಿ ಹೋಗುವುದು ಅವಳ ಕೈಗೆ ಉಸಿರಾಟದಷ್ಟೇ ರೂಢಿ. ಅವನು ಜೈಲಿನಿಂದ ಬಿಡುಗಡೆಯಾಗಿ ಬಂದ ಮೇಲೆ ದಿನವೂ ಅವಳು ಹೊರಡುವಾಗ ಬಾಗಿಲ ತನಕ ಬಂದು ನಿಲ್ಲುತ್ತಿದ್ದ. ಅವನ ಮುಖ ಕಂಡು ಅವಳ ಕೈ ಮೊಳೆಯ ಹತ್ತಿರ ಹೋದದ್ದು ಹಿಂದಕ್ಕೆ ಬರುತ್ತಿತ್ತು. ಇವತ್ತು ಅವಳಿಗೆ ತಡವಾಗಿತ್ತು, ಅವನು ಬಚ್ಚಲಲ್ಲಿದ್ದ. ತಡವಾದದ್ದೂ ಅವನ ದೆಸೆಯಿಂದಲೇ. ಅವನ ಅಂಗಿಗೆ ಇಸ್ತ್ರಿ ಹಾಕುತ್ತ ನಿಂತಿದ್ದಳು. ಬಚ್ಚಲ ಬಾಗಿಲಾಚೆಯಿಂದ ಕೂಗಿ ಹೇಳಿದ್ದಳು: "ಹತ್ತು ಗಂಟೆಗೆ ರೀ, ಹತ್ತು ಅಂದ್ರೆ ಹತ್ತು. ಒಂಬತ್ತೂವರೆಗೇ ಮನೆ ಬಿಡಿ. ಹೊರಡೋ ಮುಂಚೆ ಹಿತ್ತಲಲ್ಲಿ ಹರವಿರೋ ಬಟ್ಟೆ ತೆಗೆದು ಒಳಗಿಡಿ. ಬೀಗ ಮೊಳೇಲೇ ಇದೆ, ಹಾಕ್ಕೊಂಡು ಕೀ ಪಕ್ಕದ ಕಂಡಕ್ಟರ್ ಮನೇಲಿ ಕೊಡಿ." ಹಾಗೆ ಹೇಳಿದ ಬಾಯಿಯೇ ಬೇರೆ, ಬೀಗ ಹಾಕಿದ ಕೈಯೇ ಬೇರೆ. ಈಗ ಮೊಳೆ ಖಾಲಿಯಾಗಿತ್ತು. ಗೋಡೆಯ ಗಡಿಯಾರದಲ್ಲಿ ಏಳು ನಲವತ್ತು.

ಹತ್ತು ಗಂಟೆಗೆ ಅವನು ಬೈಂಡಿಂಗ್ ಅಂಗಡಿಯಲ್ಲಿರಬೇಕಿತ್ತು. ಈ ಒಂದು ಕೆಲಸಕ್ಕಾಗಿ ಅವಳು ಮೂರು ಸಲ ಹೋಗಿ ಆ ಅಂಗಡಿಯ ಮುಂದೆ ನಿಂತಿದ್ದಳು. ಅದಕ್ಕೂ ಮೊದಲು ಅವನೇ ಎಲ್ಲೆಲ್ಲೋ ಅಲೆದಿದ್ದ, ಹೋದ ಪುಟ್ಟ ಬಂದ ಪುಟ್ಟ ಅಂತ. ಮರದ ಅಡ್ಡೆಯವರು, ಗೋದಾಮಿನವರು, ಅಚ್ಚುಕೂಟದವರು ಎಲ್ಲರೂ ಚೆನ್ನಾಗಿಯೇ ಮಾತಾಡುತ್ತಿದ್ದರು, ಇಷ್ಟು ದಿನ ಎಲ್ಲಿದ್ದೆ ಎಂದು ಕೇಳುವ ತನಕ. ಅದನ್ನು ಕೇಳಿದ ಮೇಲೆ ಅವರ ಕಣ್ಣು ಅವನ ಕೈಗಳ ಮೇಲೆ ಬೀಳುತ್ತಿತ್ತು, ಆಮೇಲೆ ಅಲ್ಲಿಂದ ಏಳುತ್ತಲೇ ಇರಲಿಲ್ಲ. ಬೈಂಡಿಂಗ್ ಅಂಗಡಿಯ ಮುದುಕರು ಮಾತ್ರ ಅವಳನ್ನೇ ನೇರವಾಗಿ ಕೇಳಿದರಂತೆ: ಕೊಲೆ ಮಾಡಿ ಹೋಗಿದ್ದವನಾ? ಹೌದು ಅಂದಳಂತೆ ಅವಳು. ಯಾರನ್ನ? ತಮ್ಮನನ್ನ. ಸ್ವಂತ ತಮ್ಮನನ್ನಾ? ಹೌದು ಸ್ವಂತ ತಮ್ಮನನ್ನ, ನನ್ನ ಕೈಯಲ್ಲಿ ಊಟ ಮಾಡಿ ಬೆಳೆದ ಹುಡುಗ. ಮುದುಕರು, ಸುಳ್ಳು ಹೇಳ್ಲಿಲ್ವಲ್ಲ, ಅಷ್ಟು ಸಾಕು, ಕಳಿಸು ನೋಡೋಣ ಅಂದರಂತೆ. ಇದನ್ನು ಅವಳು ಬಟ್ಟೆ ಮಡಚುತ್ತ, ಲೆಕ್ಕ ಒಪ್ಪಿಸಿದ ಹಾಗೆ ಹೇಳಿದಳು. ನನ್ನ ಕೈಯಲ್ಲಿ ಊಟ ಮಾಡಿ ಬೆಳೆದ ಹುಡುಗ ಎನ್ನುವಾಗಲೂ ದನಿ ಏರಿಳಿಯಲಿಲ್ಲ. ಅವನು ನೆಲ ನೋಡಿದ.

ಮುದುಕರು ಅವನಿಗೊಂದು ಪರೀಕ್ಷೆ ಇಟ್ಟಿದ್ದರು. ಬೆನ್ನು ಹರಿದು ಹಾಳೆಗಳೆಲ್ಲ ಕೈಗೆ ಬಂದಿದ್ದ ದಪ್ಪ ನಿಘಂಟೊಂದನ್ನು ಕೊಟ್ಟು, ಮನೇಲಿ ಕೂತು ಕಟ್ಟಿ ತಾ, ನಿನ್ನ ಕೈ ಮಾತಾಡಲಿ ಎಂದಿದ್ದರು. ಜೈಲಿನಲ್ಲಿ ಕಲಿತ ಕಸುಬು; ಅವನು ಮೂರು ದಿನ ಕೂತು ಕಟ್ಟಿದ. ಮೈದಾ ಹಿಟ್ಟಿಗೆ ಹುಳ ಬೀಳದಂತೆ ಚಿಟಿಕೆ ಮೈಲುತುತ್ತ ಹಾಕಿ ಅಂಟು ಕುದಿಸಿದ. ಮಡಚಿದ ಹಾಳೆಗಳ ಒಂದೊಂದು ಫಾರಮನ್ನೂ ದಬ್ಬಣದಿಂದ ತೂತು ಹಾಕಿ, ಮೇಣ ತಿಕ್ಕಿದ ದಾರದಲ್ಲಿ ಹೊಲಿದ. ಬೆನ್ನಿಗೆ ಬಟ್ಟೆ, ಮೇಲೆ ರಟ್ಟು. ಒತ್ತಿಡಲು ಯಂತ್ರವಿಲ್ಲದೆ ಹಿತ್ತಲಿನ ಒಂದು ಚಪ್ಪಡಿ ಕಲ್ಲನ್ನು ತೊಳೆದು ತಂದು ಮೇಲೆ ಹೇರಿದ. ಆ ಮೂರು ದಿನ ಅವನು ಮನುಷ್ಯನಾಗಿದ್ದ. ಅಂಟು ಕುದಿಸಿದ ಪಾತ್ರೆಯನ್ನು ಅವಳು ಮೂರು ಸಲ ಉಜ್ಜಿ ತೊಳೆದು, ಆಮೇಲೂ ಅಡುಗೆಗೆ ಬಳಸದೆ ಮೇಲಿನ ಹಲಗೆಗೆ ಏರಿಸಿಬಿಟ್ಟದ್ದನ್ನು ನೋಡಿ, ವಿಷ ಹಾಕಿದ್ದೆನಲ್ಲ, ಸರಿಯೇ, ಅಂದುಕೊಂಡ. ಆದರೂ ದಿನಕ್ಕೆ ಹತ್ತು ಸಲ ಕಣ್ಣು ಆ ಹಲಗೆಯ ಮೇಲೆಯೇ ಹೋಗುತ್ತಿತ್ತು. ಕಟ್ಟಿದ ಪುಸ್ತಕ ಈಗ ಹಳೇ ಪೇಪರಿನಲ್ಲಿ ಸುತ್ತಿಕೊಂಡು ಮೇಜಿನ ಮೇಲೆ ಸಿದ್ಧವಾಗಿತ್ತು. ಇವತ್ತಿನಿಂದ ಗ್ರಂಥಾಲಯದ ಮುನ್ನೂರು ಪುಸ್ತಕಗಳ ಕೆಲಸ ಶುರು. ಅವನು ಹೋಗದಿದ್ದರೆ ಇನ್ನೊಬ್ಬನನ್ನು ಕರೆಸುತ್ತೇನೆ ಎಂದು ಮುದುಕರು ಮೊದಲೇ ಹೇಳಿದ್ದರು. ಈ ಬಾಗಿಲೂ ಮುಚ್ಚಿದರೆ ಇನ್ನು ತಟ್ಟುವುದಕ್ಕೆ ಬಾಗಿಲುಗಳಿರಲಿಲ್ಲ.

ತಟ್ಟುವುದು! ಅವನಿಗೆ ನಗು ಬಂತು. ಬಾಗಿಲ ಮುಂದೆ ನಿಲ್ಲುವುದಷ್ಟೇ ಅವನಿಗೆ ಬರುತ್ತಿತ್ತು. ಬಂದ ಮೂರನೇ ದಿನ ಔಷಧಿ ಅಂಗಡಿಯ ಗಾಜಿನ ಬಾಗಿಲ ಮುಂದೆ ಹಾಗೇ ನಿಂತುಬಿಟ್ಟಿದ್ದ, ಯಾರಾದರೂ ತೆಗೆಯಲಿ ಎಂದು. ಹಿಂದೆ ನಾಲ್ಕು ಜನ ಸೇರಿದರು. ಪಕ್ಕದ ಮನೆಯ ನಿವೃತ್ತ ಕಂಡಕ್ಟರ್ ಆ ನಾಲ್ವರಲ್ಲಿ ಒಬ್ಬ. "ತಳ್ಳಿ ಸ್ವಾಮಿ, ತಳ್ಳಿ! ಸ್ಟಾಪ್ ಬಂತು, ಇಳಿಯೋರು ಇಳೀರಿ!" ಎಂದು ಕೂಗಿದ. ಎಲ್ಲರೂ ನಕ್ಕರು, ಅವನೂ ನಕ್ಕ. ಮನೆಗೆ ಬಂದ ಮೇಲೆ, ನೀರು ಕುಡೀಲಾ ಎಂದು ಹೆಂಡತಿಯನ್ನು ಕೇಳಿದ. ಅವಳಿಗೂ ನಗು ಬಂತು. ಬಂದ ನಗು ಅವನ ಮುಖ ನೋಡಿ ಅರ್ಧಕ್ಕೇ ನಿಂತಿತು. ಕುಡೀರಿ, ಅಂದಳು, ವಾರ್ಡರ್ ಅಪ್ಪಣೆ ಕೊಟ್ಟ ಹಾಗೆ. ಅವತ್ತಿನಿಂದ ಅವನು ಬಾಯಾರಿದರೂ ಕೇಳದೆ, ಕೇಳದೆ ಇದ್ದುದರಿಂದ ಕುಡಿಯದೆ, ಅವಳು ಕೊಟ್ಟಾಗ ಮಾತ್ರ ಕುಡಿಯುತ್ತಿದ್ದ. ಇಂಥ ಗುಟ್ಟುಗಳು ಅವನಲ್ಲಿ ಬೇಕಾದಷ್ಟಿದ್ದವು. ಅವಳಿಗೂ ಒಂದು ಗುಟ್ಟಿತ್ತು. ಅವನು ಹಜಾರದಲ್ಲಿ, ಅವಳು ಒಳಕೋಣೆಯಲ್ಲಿ ಮಲಗುವುದು ಎಂದು ಮೊದಲ ದಿನವೇ ಮಾತಿಲ್ಲದೆ ತೀರ್ಮಾನವಾಗಿತ್ತು. ದೀಪ ಆರಿಸಿ ಸ್ವಲ್ಪ ಹೊತ್ತಾದ ಮೇಲೆ ಅವಳು ಒಳಗಿನಿಂದ ಚಿಲಕ ಹಾಕಿಕೊಳ್ಳುತ್ತಿದ್ದಳು, ಸದ್ದಾಗದಂತೆ, ಕೂದಲೆಳೆಯಷ್ಟು ಕೂದಲೆಳೆಯಷ್ಟೇ ಸರಿಸುತ್ತ. ಹದಿನಾರು ವರ್ಷ ಚಿಲಕಗಳ ಸದ್ದನ್ನೇ ಕೇಳಿಕೊಂಡು ಬಂದವನ ಕಿವಿಗೆ ಅದು ಮುಟ್ಟದೆ ಹೋಗುತ್ತದೆಯೇ? ಆಮೇಲೆ ಕತ್ತಲಲ್ಲಿ ಅವನು ಕಣ್ಣು ಬಿಟ್ಟುಕೊಂಡು ಬಿದ್ದಿರುತ್ತಿದ್ದ. ಮುಂಬಾಗಿಲು ಅವನ ಕಾಲ ಹತ್ತಿರವೇ ಇತ್ತು. ಅದನ್ನು ಯಾರು ಬೇಕಾದರೂ ತಟ್ಟಬಹುದಿತ್ತು, ತಾನು ಬೇಕೆಂದಾಗ ತೆಗೆಯಬಹುದಿತ್ತು. ಆ ಯೋಚನೆಯಿಂದಲೇ ನಿದ್ದೆ ಹತ್ತಿರ ಸುಳಿಯುತ್ತಿರಲಿಲ್ಲ.

ಒಂಬತ್ತು ಹೊಡೆಯಿತು. ಅವಳು ಹೇಳಿದ್ದ ಕೆಲಸ ನೆನಪಾಗಿ ಅವನಿಗೆ ಹಾಯೆನಿಸಿತು. ಹೇಳಿದ ಕೆಲಸ ಎಂಬುದೊಂದು ಇದ್ದರೆ ಹೊತ್ತು ತಾನಾಗಿ ಸಾಗುತ್ತದೆ. ಅಡುಗೆಮನೆ ದಾಟಿ ಹಿತ್ತಲ ಬಾಗಿಲ ಚಿಲಕ ಸರಿಸಿ ಹೊರಗೆ ಹೋದ. ಹಿತ್ತಲೆಂದರೆ ನಾಲ್ಕು ಹೆಜ್ಜೆಯ ಜಾಗ. ಒಂದು ನಲ್ಲಿ, ಎರಡು ತಂತಿ, ಸಂದಿಯ ಕಡೆಗೊಂದು ತಗಡಿನ ಗೇಟು. ಬಟ್ಟೆಗಳು ಬಿಸಿಲಿಗೆ ಗರಿಗರಿಯಾಗಿದ್ದವು. ಒಂದೊಂದಾಗಿ ತೆಗೆದು ಹೆಗಲ ಮೇಲೆ ಹಾಕಿಕೊಂಡ. ಗೇಟಿಗೆ ಸಿಕ್ಕಿಸಿದ್ದ ತಂತಿಯ ಕುಣಿಕೆ ಬಿಚ್ಚಿಹೋಗಿ ಗೇಟು ಗಾಳಿಗೆ ಕಿರ್ ಕಿರ್ ಎನ್ನುತ್ತಿತ್ತು. ಸಂದಿಯಲ್ಲಿ ಒಬ್ಬಳು ತಾಯಿ ಮಗುವಿನ ಬೂಟಿನ ಲೇಸು ಕಟ್ಟುತ್ತ ಬಗ್ಗಿದ್ದಳು; ಅವನನ್ನು ನೋಡಿ ಸುಮ್ಮನೆ ಮುಗುಳ್ನಕ್ಕಳು, ಯಾರೋ ಒಬ್ಬ ಗಂಡಸು ಮನೆಕೆಲಸ ಮಾಡುತ್ತಿದ್ದಾನೆ ಎಂಬ ಮೆಚ್ಚುಗೆಯಲ್ಲಿ. ಅವನು ಗೇಟನ್ನು ಎಳೆದು, ಕುಣಿಕೆಯನ್ನು ಬಿಗಿಯಾಗಿ ಸಿಕ್ಕಿಸಿ, ಒಳಗೆ ಬಂದು, ಹಿತ್ತಲ ಬಾಗಿಲ ಚಿಲಕ ಹಾಕಿದ. ಬಟ್ಟೆಗಳನ್ನು ಮಂಚದ ಮೇಲೆ ಹಾಕಿ ಮಡಚಿದ. ಅಂಗಿ, ಸೀರೆ, ಚಾದರ ಎಲ್ಲವೂ ಒಂದೇ ಅಳತೆಯ ಚೌಕಗಳಾದವು. ಆಮೇಲೆ ಕೈಯಲ್ಲಿ ಪುಸ್ತಕದ ಕಟ್ಟು ಹಿಡಿದುಕೊಂಡು, ಮತ್ತೆ ಮುಂಬಾಗಿಲಿನ ಹತ್ತಿರ ಬಂದು ಎರಡು ಹೆಜ್ಜೆ ಹಿಂದೆ ನಿಂತ. ಗಡಿಯಾರ ಒಂಬತ್ತೂವರೆ ತೋರಿಸಿತು. ಹೊರಡುವ ಹೊತ್ತು. ಬೀಗ ಹಾಗೇ ಇತ್ತು.

ಜೈಲಿನಲ್ಲಿ ಹೀಗೆ ಕೈಯಲ್ಲೊಂದು ಗಂಟು ಹಿಡಿದು ಬಾಗಿಲು ತೆಗೆಯುವುದನ್ನು ಕಾಯುತ್ತ ನಿಂತದ್ದು ಎಷ್ಟು ಸಲವೋ. ಒಂದು ಸಲ ಅಮ್ಮ ಬಂದಿದ್ದಾಳೆ ಎಂದು ಕರೆದರು. ಹದಿನಾರು ವರ್ಷದಲ್ಲಿ ಅಮ್ಮ ಬಂದದ್ದು ಅದೊಂದೇ ಸಲ. ಜಾಲರಿಯ ಆಚೆ ಅವಳು ಪುಟ್ಟದಾಗಿ ಕೂತಿದ್ದಳು. ಅವನು ಅಮ್ಮಾ ಎಂದ. ಅವಳು ಅವನನ್ನು ನೋಡದೆ ಜಾಲರಿಯನ್ನೇ ನೋಡುತ್ತ, ಊಟ ಆಯ್ತಾ ಅಂದಳು. ಆಯ್ತು ಅಂದ. ಕೊಟ್ಟ ಹತ್ತು ನಿಮಿಷದಲ್ಲಿ ಅವಳು ಆಡಿದ್ದು ಅಷ್ಟೇ. ಏಳುವಾಗ ಅವಳ ತುಟಿ ಮತ್ತೊಮ್ಮೆ ಅಲುಗಿತು. ಯಾವ ಮಗನ ಹೆಸರು ಕರೆದಳೋ ಅವನಿಗೆ ತಿಳಿಯಲಿಲ್ಲ. ಕೊಂದವನೂ ಅವಳ ಹೊಟ್ಟೆಯವನೇ, ಸತ್ತವನೂ ಅವಳ ಹೊಟ್ಟೆಯವನೇ. ಯಾರ ಕಡೆಗೆ ಅಳಬೇಕು ಅವಳು? ಅದಾಗಿ ಏಳನೇ ತಿಂಗಳಿಗೆ ಸತ್ತಳೆಂದು ಕಾಗದ ಬಂತು. ಕೊಲೆಯ ದಿನ ತಮ್ಮನೂ ಬಾಗಿಲ ಕಡೆಗೇ ಹೋಗುತ್ತಿದ್ದ. ಅಣ್ಣ ತಮ್ಮ ಸೇರಿ ನಡೆಸುತ್ತಿದ್ದ ಮರಗೆಲಸದ ಕೊಟ್ಟಿಗೆ, ನೆಲದ ತುಂಬ ಹೊಟ್ಟು. ಜಗಳ ಯಾತಕ್ಕೆಂದು ಕೋರ್ಟಿನಲ್ಲಿ ನಾಲ್ಕು ಪುಟ ಬರೆದುಕೊಂಡಿದ್ದರು, ಅವನಿಗೆ ಮಾತ್ರ ಅದು ನೆನಪಿಲ್ಲ. ನೆನಪಿರುವುದು ತಮ್ಮ ನಕ್ಕದ್ದು, ಥೂ ಹೋಗಣ್ಣ ಎಂದು ಕೈ ಕೊಡವಿ ಬಾಗಿಲ ಕಡೆ ತಿರುಗಿದ್ದು, ಅವನ ಅಂಗಿಯ ಬೆನ್ನಿನ ಮೇಲೆ ಅಂಟಿದ್ದ ಮರದ ಸುರುಳಿ. ತಿರುಗಿ ನೋಡೋ ಎಂದು ಕೂಗಿದ. ತಮ್ಮ ತಿರುಗಲಿಲ್ಲ. ಕೈಗೆ ಸಿಕ್ಕಿದ್ದು ಮೇಜಿನ ಕಾಲಿಗೆಂದು ಕೊಯ್ದಿಟ್ಟಿದ್ದ ಮರದ ರೀಪು. ಒಂದೇ ಏಟು. ಹೋಗುತ್ತಿದ್ದವನನ್ನು ಹೋಗಲು ಬಿಟ್ಟಿದ್ದರೆ ಸಾಕಿತ್ತು, ಬೇರೆ ಏನೂ ಮಾಡಬೇಕಾಗಿರಲಿಲ್ಲ. ಸಂಜೆಯ ಊಟಕ್ಕೆ ಹೇಗೂ ಬರುತ್ತಿದ್ದ.

ಹತ್ತಾಯಿತು, ಹತ್ತೂಕಾಲು. ಕಾಲು ಜುಮುಜುಮು ಎನ್ನುತ್ತಿದ್ದರೂ ಅವನು ಕೂರಲಿಲ್ಲ. ಹತ್ತೂವರೆಯ ಹೊತ್ತಿಗೆ ಮೆಟ್ಟಿಲ ಮೇಲೆ ಹೆಜ್ಜೆ ಸದ್ದಾಯಿತು. ಹೆಂಡತಿಯದಲ್ಲ, ನಿಧಾನವಾದ, ಕೆಮ್ಮುವ ಹೆಜ್ಜೆ. ಬೀಗವನ್ನು ಯಾರೋ ಮುಟ್ಟಿ ನೋಡಿದರು.

"ಬೀಗ ಹಾಕಿದೆಯಲ್ಲ," ಅಂದರು ಬೈಂಡಿಂಗ್ ಅಂಗಡಿಯ ಮುದುಕರು.

ಅವರೇ ಹುಡುಕಿಕೊಂಡು ಬಂದಿದ್ದಾರೆ, ಈ ವಯಸ್ಸಿನಲ್ಲಿ, ಅಂಗಡಿ ಬಿಟ್ಟು! ಬಾಯಿ ತೆರೆದ. ತೆರೆದ ಬಾಯಿಂದ ಏನೂ ಹೊರಡಲಿಲ್ಲ. ಬೀಗ ಹಾಕಿದ ಬಾಗಿಲಿನೊಳಗಿಂದ ಯಾರೂ ಮೊದಲು ಮಾತಾಡುವುದಿಲ್ಲ. ಹೊರಗಿನವರು ಕೂಗಬೇಕು, ಒಳಗಿನವರು ಹೂಂ ಅನ್ನಬೇಕು. ಅವರು ಕೂಗಲಿ, ಒಂದೇ ಒಂದು ಸಲ ಯಾರಿದ್ದೀರಿ ಅನ್ನಲಿ ಎಂದು ಅವನು ಕಾದ. ಅಷ್ಟರಲ್ಲಿ ಪಕ್ಕದಿಂದ ಕಂಡಕ್ಟರನ ದನಿ ಬಂತು.

"ಯಾರು ಬೇಕು ಯಜಮಾನ್ರೇ? ಆ ಮನೆಯೋರಾ? ಆಯಮ್ಮ ಡ್ಯೂಟಿಗೆ ಹೋಗಿ ಆಯ್ತು. ಆಯಪ್ಪ ಎಲ್ಲಿಗೆ ಹೋದ್ನೋ, ಬೀಗ ಜಡಿದಿದೆ ನೋಡಿ."

"ಹತ್ತಕ್ಕೆ ಬಾ ಅಂದಿದ್ದೆ. ಹುಷಾರಿಲ್ಲವೇನೋ ಅಂತ ಬಂದೆ."

"ಹುಷಾರಿಲ್ದೇ ಏನು, ಕಲ್ಲುಗುಂಡಿನಂಗಿದ್ದಾನೆ. ಟಿಕೆಟ್ ತಗೊಂಡು ಬಸ್ಸೇ ಹತ್ತದ ಪಾರ್ಟಿ ಅದು. ನೀವ್ಯಾಕೆ ಇಂಥ ಸಹವಾಸಕ್ಕೆ ಹೋದ್ರಿ? ಒಡಹುಟ್ಟಿದ ತಮ್ಮನ್ನೇ ಬಿಡದೋನು. ನಾಯಿ ಬಾಲ ಯಾವತ್ತಿದ್ರೂ ಡೊಂಕೇ."

ಮುದುಕರ ಕೈ ಬೀಗವನ್ನು ಮತ್ತೊಮ್ಮೆ ತಡವಿದ್ದು ಕೇಳಿಸಿತು. ಅವನಿಗೂ ಅವರಿಗೂ ನಡುವೆ ಇದ್ದದ್ದು ಒಂದು ಹಲಗೆಯ ದಪ್ಪ. ಅವರ ಬಟ್ಟೆಯ ಅಂಟಿನ ವಾಸನೆ ಕೂಡ ಬಾಗಿಲ ಸಂದಿಯಿಂದ ಬರುತ್ತಿತ್ತು, ಇಲ್ಲವೇ ಅದು ಅವನದೇ ಕೈಯ ವಾಸನೆ. "ಆ ಹೆಣ್ಣುಮಗಳ ಮುಖ ನೋಡಿ ಒಪ್ಕೊಂಡೆನಪ್ಪ," ಅಂದರು ಕೊನೆಗೆ. "ನಿಜ ಹೇಳೋರ ಮನೆ ಅನ್ಕೊಂಡಿದ್ದೆ." ಹೆಜ್ಜೆಗಳು ಇಳಿದವು. ಈಗ ಕೂಗಿದರೂ ಕೇಳಿಸುತ್ತಿತ್ತು. ಕೂಗಿದರೆ ಕಂಡಕ್ಟರ್ ಓಡಿ ಬರುತ್ತಾನೆ, ಬೀದಿ ಸೇರುತ್ತದೆ. ಗಂಡನನ್ನು ಒಳಗೆ ಹಾಕಿ ಬೀಗ ಜಡಿದುಕೊಂಡು ಹೋಗಿದ್ದಾಳೆ ನೋಡಿ, ಪಾಪ ಅವಳಿಗೂ ಹೆದರಿಕೆ ಇರಲ್ವಾ ಅನ್ನುತ್ತಾರೆ. ಅವಳ ಮಾನ ಉಳಿಸಲೆಂದೇ ಸುಮ್ಮನಿದ್ದೇನೆ ಎಂದು ಅವನು ತನಗೆ ತಾನೇ ಹೇಳಿಕೊಂಡ. ಹೇಳಿಕೊಂಡದ್ದನ್ನು ಅರೆಪಾಲು ನಂಬಿದ. ಉಳಿದ ಅರ್ಧ, ಬಾಗಿಲ ಹಿಂದೆ ಕಳ್ಳನ ಹಾಗೆ ಉಸಿರು ಹಿಡಿದು ನಿಂತಿತ್ತು. ಹೆಜ್ಜೆ ಸದ್ದು ಪೂರ್ತಿ ಅಡಗಿದ ಮೇಲೆ ಪುಸ್ತಕವನ್ನು ಮೇಜಿನ ಮೇಲಿಟ್ಟ. ಕಣ್ಣಿನಲ್ಲಿ ನೀರಿತ್ತು. ಆದರೆ ಮೈ ಬೇರೆಯದೇ ಒಂದು ಮಾತಾಡುತ್ತಿತ್ತು: ಮುಗಿಯಿತಲ್ಲ, ಇನ್ನು ಸಂಜೆಯ ತನಕ ಯಾರೂ ಬರುವುದಿಲ್ಲ, ನಿನ್ನಿಂದ ಯಾರಿಗೂ ಏನೂ ಬೇಕಾಗಿಲ್ಲ. ಚಾಪೆಯನ್ನು ಎಳೆದು ತಂದು ಬಾಗಿಲಿಗೆ ಒತ್ತಿ ಹಾಸಿದ. ಬೆನ್ನನ್ನು ಬೀಗ ಹಾಕಿದ ಹಲಗೆಗೆ ಆನಿಸಿದ. ಇಪ್ಪತ್ತಮೂರು ದಿನಗಳ ನಿದ್ದೆ ಒಂದೇ ಸಲಕ್ಕೆ ಬಂದು ಅವನನ್ನು ಕವುಚಿಕೊಂಡಿತು. ಕನಸೂ ಬೀಳಲಿಲ್ಲ.

ಎಚ್ಚರವಾದದ್ದು ಬೀಗದಕೈ ಗೊಂಚಲಿನ ಸದ್ದಿಗೆ. ಮಂಪರಿನಲ್ಲೇ ಎದ್ದು, ಚಾಪೆ ಸುತ್ತಿ, ಗೋಡೆಗೆ ಬೆನ್ನು ಕೊಟ್ಟು, ಕೈ ಇಳಿಬಿಟ್ಟು, ಗದ್ದ ಎತ್ತಿ ನಿಂತುಬಿಟ್ಟಿದ್ದ, ಕೈದಿಗಳ ಸಂಜೆಯ ಎಣಿಕೆಗೆ ನಿಲ್ಲುವಂತೆ. ಬಾಗಿಲು ತೆರೆದ ಅವಳು ಹೊಸಿಲಲ್ಲೇ ನಿಂತಳು. ಬಾಯಿಂದ ಏನಾದರೂ ಬರುವ ಮೊದಲು ಅವಳ ಕಣ್ಣು ಅವನ ಮುಖ, ಸುತ್ತಿದ ಚಾಪೆ, ಮೇಜಿನ ಮೇಲೆ ಹಾಗೇ ಇದ್ದ ಪುಸ್ತಕ ಎಲ್ಲವನ್ನೂ ನೋಡಿ ಮುಗಿಸಿತ್ತು.

"ಹೋಗ್ಲಿಲ್ವಾ?" ಅಂದಳು.

"ಬೀಗ ಹಾಕಿತ್ತು."

ಅವಳು ಕೈಚೀಲವನ್ನು ನೆಲಕ್ಕಿಟ್ಟಳು. "ಕಿಟಕಿ ಇತ್ತು. ಒಂದು ಕೂಗು ಹಾಕಬಾರದಿತ್ತಾ? ಪಕ್ಕದ ಮನೆಯೋರು ಬಂದು ಒಡೀತಿದ್ರು."

"ಬೈಂಡಿಂಗ್ ಯಜಮಾನ್ರು ಬಂದಿದ್ರು."

"ಎಲ್ಲಿಗೆ? ಇಲ್ಲಿಗಾ?"

"ಹೂಂ. ಹತ್ತೂವರೆಗೆ. ಬೀಗ ನೋಡಿ ಹೋದ್ರು."

"ನೀವು ಏನು ಮಾಡ್ತಿದ್ರಿ?"

"ನಿಂತಿದ್ದೆ," ಅಂದ ಅವನು. ಬಾಗಿಲ ಹಿಂದಿನ ಜಾಗವನ್ನು ಬೆರಳಲ್ಲಿ ತೋರಿಸಿದ. "ಇಲ್ಲಿ."

ಅವಳು ಹಣೆ ಒತ್ತಿಕೊಂಡು ಮಂಚದ ಅಂಚಿಗೆ ಕೂತಳು. ಕೂತವಳ ಕೈಗೆ ಬಟ್ಟೆಯ ರಾಶಿ ತಗಲಿತು. ದಿನವಿಡೀ ಮಡಚುವುದೇ ಕಸುಬಾದವಳು. ಬೆರಳಿಗೆ ಆ ಚೌಕಗಳ ಅಂಚು ತಾಗುತ್ತಲೇ ತಿರುಗಿ ನೋಡಿದಳು. ಒಂದನ್ನು ಎತ್ತಿದಳು, ಮೂಸಿದಳು. ಬಿಸಿಲಿನ ವಾಸನೆ ಇನ್ನೂ ಇತ್ತು.

"ಇದನ್ನ ಯಾರು ತಂದಿದ್ದು?"

"ನಾನೇ. ನೀನೇ ಹೇಳಿದ್ಯಲ್ಲ, ಒಳಗಿಡಿ ಅಂತ."

"ಯಾವಾಗ?"

"ಒಂಬತ್ತಕ್ಕೆ."

ಅವಳು ಎದ್ದು ಅಡುಗೆಮನೆ ದಾಟಿ ಹಿತ್ತಲ ಬಾಗಿಲ ತನಕ ಹೋದಳು. ಚಿಲಕವನ್ನು ಸರಿಸಿದಳು. ಹಾಕಿದಳು. ಮತ್ತೆ ಸರಿಸಿದಳು. ಬಾಗಿಲು ತೆರೆದುಕೊಂಡು ಹಿತ್ತಲು, ಹಿತ್ತಲ ಆಚೆ ಗೇಟು, ಗೇಟಿನಾಚೆ ಸಂದಿ, ಸಂದಿಯ ತುದಿಯಲ್ಲಿ ರಸ್ತೆಯ ಬೆಳಕು, ಎಲ್ಲ ಸಾಲಾಗಿ ಕಂಡವು. ಅವನು ಹಜಾರದಲ್ಲಿ ನಿಂತಲ್ಲಿಂದಲೇ ಅದನ್ನು ನೋಡಿದ. ಮೊದಲು ಅವನಿಗೆ ಅರ್ಥವೇ ಆಗಲಿಲ್ಲ. ಆಮೇಲೆ ಅರ್ಥವಾದದ್ದು ಕಾಲಿನಿಂದ ಮೇಲಕ್ಕೆ ಹತ್ತಿತು. ಆ ತಾಯಿ, ಆ ಬೂಟಿನ ಲೇಸು, ಆ ಮುಗುಳ್ನಗೆ. ನಾನು ಹೊರಗೇ ಇದ್ದೆ. ಹೊರಗೆ ನಿಂತು, ಗೇಟಿನ ಕುಣಿಕೆ ಬಿಗಿಮಾಡಿ, ಒಳಗೆ ಬಂದು, ತನ್ನ ಕೈಯಾರೆ ಚಿಲಕ ಹಾಕಿಕೊಂಡು, ಬೀಗ ತೆಗೆಯುವವರು ಬರಲಿ ಎಂದು ಕಾದೆ. ಹೇಳಿದ್ದು ಬಟ್ಟೆ ತಾ ಎಂದು. ಹೊರಗೆ ಹೋಗು ಎಂದು ಯಾರೂ ಹೇಳಿರಲಿಲ್ಲ. ಇಷ್ಟೊಂದು ಅವಮಾನ ಅವನಿಗೆ ಕೋರ್ಟಿನಲ್ಲೂ ಆಗಿರಲಿಲ್ಲ. ಅಲ್ಲಿ ಅವನನ್ನು ಕಂಡು ಜನ ಹೆದರಿದ್ದರು. ಇಲ್ಲಿ ಹೆಂಡತಿಯ ಕಣ್ಣಲ್ಲಿ ಇದ್ದದ್ದು ಹೆದರಿಕೆಯಲ್ಲ.

"ಚೆನ್ನಾಗಿ ನಿದ್ದೆ ಬಂತು," ಅಂದುಬಿಟ್ಟ. ಯಾಕೆ ಅಂದನೋ. ನಿಜವಾದದ್ದು ಏನಾದರೂ ಒಂದನ್ನು ಹೇಳಬೇಕಿತ್ತು.

ಅವಳು ಬೈಯುತ್ತಾಳೆ ಅಂದುಕೊಂಡ. ಅವಳು ಹಿತ್ತಲ ಬಾಗಿಲಿಗೆ ಒರಗಿ, ಅವನ ಕಡೆ ನೋಡದೆ, ನಲ್ಲಿಯ ಕಡೆ ನೋಡುತ್ತ ಮಾತಾಡಿದಳು. "ನಂಗೆ ಹನ್ನೊಂದು ಗಂಟೆಗೆ ನೆನಪಾಯ್ತು. ಚಾದರ ಮಡಚ್ತಾ ಇದ್ದೆ. ಅಯ್ಯೋ, ಬೀಗ ಹಾಕ್ಕೊಂಡು ಬಂದ್ನಲ್ಲ ಅಂತ. ಮೇಲಿನೋರಿಗೆ ಹೇಳಿದ್ರೆ ಅರ್ಧ ಗಂಟೆ ಬಿಡ್ತಿದ್ರು. ಕೇಳ್ಲೇ ಇಲ್ಲ."

ಅವನು ಸುತ್ತಿದ ಚಾಪೆಯನ್ನು ಮೂಲೆಗೆ ಒರಗಿಸಿದ.

"ಹಿತ್ತಲಿಂದ ಹೋಗಿರ್ತಾರೆ ಅಂತ ಮನಸ್ಸಿಗೆ ಹೇಳ್ಕೊಂಡೆ. ಹೋಗಿರಲ್ಲ ಅಂತಾನೂ ಗೊತ್ತಿತ್ತು. ಹೆಂಗೆ ಗೊತ್ತಿತ್ತು ಅಂತ ಕೇಳಬೇಡಿ. ನೀರು ಕುಡೀಲಾ ಅಂತ ಕೇಳೋರು ನೀವು." ಮೂಗು ಒರೆಸಿಕೊಂಡಳು. "ನೀವು ಬಂದ ಮೇಲೆ ದಿನಾ ನಂಗೆ ಆಸ್ಪತ್ರೇಲಿ ಕೈ ಆಡ್ತಿರಲಿಲ್ಲ. ಎಲ್ಲಿದ್ದೀರೋ, ಯಾರ ಹತ್ರ ಏನು ಮಾತು ಬೆಳೆಸಿದ್ರೋ, ಯಾರು ಏನಂದ್ರೋ, ನೀವೇನು ಕೈಗೆತ್ಕೊಂಡ್ರೋ. ಇವತ್ತು ಹನ್ನೊಂದರಿಂದ ಸಂಜೆ ತನಕ ಎದೆ ಹಗುರ ಆಗಿತ್ತು ರೀ. ಊಟಾನೂ ರುಚಿಯಾಯ್ತು. ಎಲ್ಲಿದ್ದೀರಾ ಅಂತ ಗೊತ್ತಿತ್ತಲ್ಲ."

ಹೇಳಿ ಮುಗಿಸಿದವಳು ಮುಖ ಮುಚ್ಚಿಕೊಂಡು ಅತ್ತಳು. ಹದಿನಾರು ವರ್ಷ, ತಿಂಗಳಿಗೊಮ್ಮೆ ಜಾಲರಿಯ ಆಚೆ ಬಂದು ಕೂತು ಒಂದು ದಿನವೂ ಅಳದವಳು. ಅವನಿಗೆ ಹತ್ತಿರ ಹೋಗಬೇಕೆನಿಸಿತು. ಹೋಗಲೋ ಬೇಡವೋ ಎಂದು ಯಾರನ್ನೂ ಕೇಳುವಂತಿರಲಿಲ್ಲ. ಹೋಗಿ, ಒಂದು ಮಾರು ದೂರದಲ್ಲಿ ನೆಲಕ್ಕೆ ಕೂತ. ಸಂದಿಯಲ್ಲಿ ಯಾರದೋ ಸೈಕಲ್ಲಿನ ಗಂಟೆ ಕೇಳಿತು.

"ಅವನೂ ಹೋಗ್ತಾನೇ ಇದ್ದ," ಅಂದ, ತಮ್ಮನನ್ನು ನೆನೆದು. ಈ ಮಾತನ್ನು ಅವಳ ಹತ್ತಿರ ಆಡಿದ್ದು ಇದೇ ಮೊದಲು. "ಬಾಗಿಲಿಗೆ ಹೋಗ್ತಾ ಇದ್ದ. ಹಿಂದಿನಿಂದ ಹೊಡೆದೆ."

"ಗೊತ್ತು," ಅಂದಳು. ಆಮೇಲೆ, ಮೂಗು ಕಟ್ಟಿದ ದನಿಯಲ್ಲಿ, "ನಾಳೆ ನೀವೇ ಹೋಗಿ ಯಜಮಾನ್ರಿಗೆ ಹೇಳಿ. ಬೀಗದ ಕತೆ ಬೇಡ. ಒಳಗೇ ಇದ್ದೆ, ನೀವು ಆಡಿದ್ದೆಲ್ಲ ಕೇಳಿಸ್ಕೊಂಡೆ, ಮಾತಾಡಲಿಲ್ಲ ಅಂತ ಹೇಳಿ. ಅಷ್ಟೇ."

"ಏನಂದುಕೊಳ್ತಾರೆ?"

"ಅಂದುಕೊಳ್ಳಲಿ."

ಆ ರಾತ್ರಿ ಒಳಕೋಣೆಯ ಚಿಲಕವನ್ನು ಅವಳು ಮೆಲ್ಲಗೆ ಹಾಕಲಿಲ್ಲ. ಸದ್ದಾಗುವಂತೆಯೇ ಹಾಕಿದಳು. ಅವನಿಗೆ ಯಾಕೋ ಅದೇ ಮೇಲೆನಿಸಿತು.

ಬೆಳಗ್ಗೆ ಏಳೂವರೆಗೆ ಅವಳು ಮೊಳೆಯಿಂದ ಬೀಗ ತೆಗೆದುಕೊಂಡು ಹೊಸಿಲಾಚೆ ನಿಂತಳು. ಅವನು ಒಳಗೆ ನಿಂತಿದ್ದ. ಇಬ್ಬರ ಕಣ್ಣೂ ಬೀಗದ ಮೇಲಿತ್ತು. "ಹಾಕ್ಲಾ?" ಅಂದಳು. ಅವಳು ಕೇಳಿದ್ದು ತಮಾಷೆಗಲ್ಲ, ಕೋಪದಿಂದಲೂ ಅಲ್ಲ. ಅವನು ಯೋಚಿಸಿ, "ಹಾಕು," ಅಂದ. ಬಾಗಿಲು ಮುಚ್ಚಿತು, ಬೀಗ ಕೂತಿತು. ಒಂದು ಸಲ ಜಗ್ಗಿದ್ದು ಕೇಳಿಸಿತು. ಎರಡನೆಯದಕ್ಕೆ ಕಾದ. ಅದು ಬರಲಿಲ್ಲ, ಚಪ್ಪಲಿಯ ಸದ್ದು ಇಳಿದು ಹೋಯಿತು. ಒಂಬತ್ತೂವರೆಯ ತನಕ ಅವನು ಹಜಾರದಲ್ಲಿ ಕೂತೇ ಇದ್ದ, ಪುಸ್ತಕದ ಕಟ್ಟನ್ನು ತೊಡೆಯ ಮೇಲಿಟ್ಟುಕೊಂಡು. ಆಮೇಲೆ ಎದ್ದು ಹಿತ್ತಲ ಬಾಗಿಲಿಗೆ ಹೋಗಿ ಚಿಲಕ ಸರಿಸಿದ. ಹೊರಗೆ ಬಂದು ಬಾಗಿಲನ್ನು ಎಳೆದುಕೊಂಡ ಮೇಲೆ ಹೊಸದೊಂದು ತೊಡಕು ಕಂಡಿತು: ಈ ಬಾಗಿಲಿಗೆ ಹೊರಗಡೆಯಿಂದ ಚಿಲಕವೇ ಇಲ್ಲ. ಒಳಗೆ ಯಾರಾದರೂ ಇದ್ದರೆ ಮಾತ್ರ ಇದು ಮುಚ್ಚಿಕೊಂಡಿರುತ್ತದೆ. ಬಿಟ್ಟರೆ ಗಾಳಿಗೆ ತೆರೆದುಕೊಳ್ಳುತ್ತದೆ, ಮುಂದಿನ ಬಾಗಿಲಿಗೆ ಬೀಗ, ಹಿಂದಿನದು ಹಾರುಹೊಡೆದುಕೊಂಡು. ಇದೇ ಸಾಕು, ಒಳಗೆ ಹೋಗಿ ಕೂತುಬಿಡುವುದಕ್ಕೆ ಇದಕ್ಕಿಂತ ನೆಪ ಬೇಕೇ ಎಂದು ಮೈ ಹೇಳಿತು. ಅವನು ಒಳಗೆ ಹೋದ. ಪುಸ್ತಕಕ್ಕೆ ಹೇರಿದ್ದ ಚಪ್ಪಡಿ ಕಲ್ಲು ಮೇಜಿನ ಕೆಳಗಿತ್ತು. ಅದನ್ನು ಎರಡೂ ಕೈಯಲ್ಲಿ ಎತ್ತಿಕೊಂಡು ಏದುಸಿರು ಬಿಡುತ್ತ ಹೊರಗೆ ತಂದು, ಬಾಗಿಲು ಎಳೆದು, ಅದಕ್ಕೆ ಒತ್ತಿಟ್ಟ. ಕಳ್ಳನೊಬ್ಬ ಕಾಲಲ್ಲಿ ತಳ್ಳಿದರೂ ಸರಿಯುವಂಥದ್ದು. ಇರಲಿ. ಗೇಟಿನ ಕುಣಿಕೆ ಬಿಚ್ಚಿ ಸಂದಿಗೆ ಇಳಿದ.

ಬೈಂಡಿಂಗ್ ಅಂಗಡಿಯ ಬಾಗಿಲು ಮುಚ್ಚಿತ್ತು. ಬೀಗ ಇರಲಿಲ್ಲ, ಬರೇ ಮುಚ್ಚಿತ್ತು. ಒಳಗೆ ರಟ್ಟು ಕತ್ತರಿಸುವ ಕಟರಿನ ಸದ್ದು, ಮುದುಕರ ಕೆಮ್ಮು, ಅದರ ಜೊತೆಗೆ ಇನ್ನೊಂದು ಹೊಸ ದನಿ. ಯಾರನ್ನೋ ಆಗಲೇ ಕರೆಸಿದ್ದಾರೆ. ಅವನು ಬಾಗಿಲಿನಿಂದ ಎರಡು ಹೆಜ್ಜೆ ಹಿಂದೆ ನಿಂತ. ತಳ್ಳಿ ಸ್ವಾಮಿ, ತಳ್ಳಿ ಎಂದು ತನಗೇ ಹೇಳಿಕೊಂಡ. ಬಲಗೈಯಲ್ಲಿ ಪುಸ್ತಕವಿತ್ತು, ಎಡಗೈ ಖಾಲಿಯಿತ್ತು. ಎಡಗೈಯನ್ನು ಎತ್ತಿದ. ಅದು ಹಲಗೆಯ ಹತ್ತಿರ ಹೋಗಿ, ಬಿಸಿ ಹಂಚನ್ನು ಮುಟ್ಟಲು ಹೋದಂತೆ ಅಲ್ಲೇ ನಿಂತಿತು. ದಾರಿಯಲ್ಲಿ ಹೋಗುವವರು ನೋಡಿಕೊಂಡು ಹೋದರು. ಎಲ್ಲೋ ಹತ್ತು ಹೊಡೆಯಿತು. ಕೊನೆಗೂ ಬೆರಳ ತುದಿ ಮರಕ್ಕೆ ತಾಗಿತು. ತಳ್ಳಿದ್ದಲ್ಲ, ತಾಗಿತು ಅಷ್ಟೇ. ಬಾಗಿಲು ಕಿರುಗುಟ್ಟಿ ಒಂದು ಗೇಣು ಸರಿಯಿತು.

ಮುದುಕರು ಬಂದು ಪೂರ್ತಿ ತೆಗೆದರು. ಕನ್ನಡಕದ ಮೇಲಿಂದ ಅವನನ್ನು ಅಡಿಯಿಂದ ಮುಡಿಯ ತನಕ ನೋಡಿದರು. "ಎಷ್ಟು ಹೊತ್ತಿಂದ ನಿಂತಿದ್ದೀಯ ಇಲ್ಲಿ?"

"ನಿನ್ನೆಯಿಂದ," ಅಂದ. "ನಿನ್ನೆ ನೀವು ಬಂದಾಗ ಒಳಗೇ ಇದ್ದೆ, ಯಜಮಾನ್ರೇ. ಬಾಗಿಲ ಹಿಂದೆ. ನೀವು ಅಂದಿದ್ದು, ಅವರು ಅಂದಿದ್ದು, ಎಲ್ಲ ಕೇಳಿಸ್ತು. ಮಾತಾಡಲಿಲ್ಲ."

"ಯಾಕೆ?"

ಅವನು ಪುಸ್ತಕದ ಕಟ್ಟನ್ನು ಮುಂದೆ ಚಾಚಿದ. ಮುದುಕರು ಪೇಪರ್ ಬಿಚ್ಚಿದರು. ಬೆನ್ನನ್ನು ಹೆಬ್ಬೆರಳಲ್ಲಿ ಒತ್ತಿದರು, ನಡುವೆ ತೆರೆದು ಹೊಲಿಗೆ ನೋಡಿದರು, ಕಿವಿಯ ಹತ್ತಿರ ಹಿಡಿದು ಹಾಳೆಗಳನ್ನು ಸರ್ರನೆ ಬಿಟ್ಟು ಕೇಳಿದರು. "ಇಂಥ ಹೊಲಿಗೆ ಈಗ ಹೊರಗಡೆ ಯಾರೂ ಹಾಕಲ್ಲ," ಎಂದು ಯಾರಿಗೋ ಹೇಳುವಂತೆ ಹೇಳಿ, ಪುಸ್ತಕವನ್ನು ಎದೆಗೊತ್ತಿಕೊಂಡು ಒಳಕ್ಕೆ ನಡೆದರು. ಬಾ ಅನ್ನಲಿಲ್ಲ, ಹೋಗು ಅಂತಲೂ ಅನ್ನಲಿಲ್ಲ. ಒಳಗೆ ಹೊಸಬ ಕಟರಿನ ಹಿಡಿ ಹಿಡಿದುಕೊಂಡೇ ಇವನ ಕೈಗಳನ್ನು ನೋಡುತ್ತಿದ್ದ. ಬಾಗಿಲು ತೆರೆದೇ ಇತ್ತು. ಅವನು ಇನ್ನೂ ಸ್ವಲ್ಪ ಹೊತ್ತು ಕಾದ, ಯಾರಾದರೂ ಹೇಳಲಿ ಎಂದು. ಯಾರೂ ಹೇಳಲಿಲ್ಲ. ಚಪ್ಪಲಿಯನ್ನು ಹೊರಗೆ ಬಿಟ್ಟು, ಒಂದು ಕಾಲನ್ನು ಹೊಸಿಲಿನ ಒಳಗೆ ಇಟ್ಟ.